ಒಂದೇ ಸಂಚಿಕೆ, ಎರಡು ರೆಕಾರ್ಡಿಂಗ್: ನಿರ್ದೇಶಕ ವಾರಿಸ್ ಹುಸೇನ್ ಅವರ ಒಂದು ಪ್ರಕರಣ

1963ರ ಸೆಪ್ಟೆಂಬರ್ 27, ಶುಕ್ರವಾರ. ಲಂಡನ್ನಿನ ಲೈಮ್ ಗ್ರೋವ್ ಸ್ಟುಡಿಯೊದಲ್ಲಿ ಬಿಬಿಸಿಯ ಹೊಸ ಧಾರಾವಾಹಿಯೊಂದರ ಮೊದಲ ಸಂಚಿಕೆ ರೆಕಾರ್ಡ್ ಆಯಿತು. ನಾಟಕ ವಿಭಾಗದ ಮುಖ್ಯಸ್ಥರು ಅದನ್ನು ನೋಡಿ, ಇದು ಪ್ರಸಾರಕ್ಕೆ ಆಗುವುದಿಲ್ಲ ಎಂದರು. ಮೂರು ವಾರ ಕಳೆದು ಅಕ್ಟೋಬರ್ 18ರಂದು ಅದೇ ಸ್ಟುಡಿಯೊದಲ್ಲಿ, ಅದೇ ಮುಖ್ಯ ನಟರೊಂದಿಗೆ, ಬಹುಪಾಲು ಅದೇ ಸ್ಕ್ರಿಪ್ಟ್ ಹಿಡಿದು ಅದೇ ನಿರ್ದೇಶಕರು ಇಡೀ ಸಂಚಿಕೆಯನ್ನು ಮತ್ತೆ ಮಾಡಿದರು. ನವೆಂಬರ್ 23ರಂದು ಜನ ನೋಡಿದ್ದು ಈ ಎರಡನೆಯದನ್ನು. ಧಾರಾವಾಹಿಯ ಹೆಸರು ‘ಡಾಕ್ಟರ್ ಹೂ’. ನಿರ್ದೇಶಕರು ಲಖನೌದಲ್ಲಿ ಹುಟ್ಟಿದ, ಆಗಿನ್ನೂ 25 ತುಂಬದ ವಾರಿಸ್ ಹುಸೇನ್.

ಟಿವಿ ನಿರ್ದೇಶಕರ ಕೆಲಸವನ್ನು ಅಳೆಯುವುದು ಕಷ್ಟ. ಪರದೆಯ ಮೇಲೆ ಬಂದದ್ದರಲ್ಲಿ ಬರಹಗಾರರ ಪಾಲೆಷ್ಟು, ನಟರ ಪಾಲೆಷ್ಟು, ನಿರ್ದೇಶಕರ ಪಾಲೆಷ್ಟು ಎಂದು ಬಿಡಿಸಿ ಹೇಳಲು ಬರುವುದಿಲ್ಲ. ಈ ಪ್ರಕರಣದಲ್ಲಿ ಮಾತ್ರ ಅದಕ್ಕೊಂದು ದಾರಿಯಿದೆ. ಬೇಡವೆಂದು ಪಕ್ಕಕ್ಕಿಟ್ಟ ಮೊದಲ ರೆಕಾರ್ಡಿಂಗ್ ಅಳಿಯದೆ ಉಳಿದುಕೊಂಡಿತು, 1991ರಲ್ಲಿ ಬಿಬಿಸಿಯೇ ಅದನ್ನು ಪ್ರಸಾರವನ್ನೂ ಮಾಡಿತು. ಕಥೆ, ನಟರು, ಸೆಟ್ಟು ಹೆಚ್ಚುಕಡಿಮೆ ಒಂದೇ ಆಗಿರುವಾಗ ಬದಲಾದದ್ದೇನು ಎಂದು ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ ನಿರ್ದೇಶನ ಎನ್ನುವ ಕೆಲಸವೇ ಕಣ್ಣಿಗೆ ಬೀಳುತ್ತದೆ. ಈ ಪ್ರಕರಣವನ್ನು ನಾನು ಆರಿಸಿಕೊಂಡದ್ದಕ್ಕೆ ಇನ್ನೊಂದು ಕಾರಣವೂ ಇದೆ. ಟಿವಿಯಲ್ಲಿ ನಿರ್ದೇಶಕರಾದವರ ವೃತ್ತಿ ನಿಂತಿರುವುದು ಮತ್ತೆ ಕರೆಯುವವರ ಮೇಲೆ. ಒಳ್ಳೆಯ ಸಂಚಿಕೆ ಮಾಡಿದರೂ ಮುಂದಿನ ಕರೆ ಬರದಿದ್ದರೆ ಕಥೆ ಅಲ್ಲಿಗೇ ಮುಗಿಯುತ್ತದೆ. ಹುಸೇನ್ ಅವರಿಗೆ ಅಂಥ ಕರೆ ಬಂದದ್ದು ಮಾಡಿದ ಕೆಲಸ ಕೆಟ್ಟಿದೆ ಎನಿಸಿಕೊಂಡ ಮೇಲೆ, ಅದೇ ಕೆಲಸಕ್ಕೆ.

ಅಲ್ಲಿಯವರೆಗಿನ ದಾರಿ

ಹುಸೇನ್ ಹುಟ್ಟಿದ್ದು 1938ರ ಡಿಸೆಂಬರ್ 9ರಂದು. ತಾಯಿ ಅತಿಯಾ ಹುಸೇನ್ ಇಂಗ್ಲಿಷಿನಲ್ಲಿ ಬರೆಯುತ್ತಿದ್ದ ಲೇಖಕಿ. ಅವಧ್ ಸೀಮೆಯ ತಾಲೂಕುದಾರಿ ಮನೆತನದ ಬದುಕನ್ನು ಹೇಳುವ ಅವರ ಕಾದಂಬರಿ 1961ರಲ್ಲಿ ಬಂತು. ಬಿಬಿಸಿಯ ಪೂರ್ವದೇಶಗಳ ರೇಡಿಯೊ ವಿಭಾಗದಲ್ಲೂ ಅವರು ಕಾರ್ಯಕ್ರಮ ಕೊಡುತ್ತಿದ್ದರು. 1946ರಲ್ಲಿ ಕುಟುಂಬ ಇಂಗ್ಲೆಂಡಿಗೆ ಬಂದಾಗ ಮಗನಿಗೆ ಎಂಟು ವರ್ಷವೂ ಆಗಿರಲಿಲ್ಲ. ಬ್ರಿಸ್ಟಲ್‌ನ ಕ್ಲಿಫ್ಟನ್ ಶಾಲೆ, ಆಮೇಲೆ ಕೇಂಬ್ರಿಜ್‌ನ ಕ್ವೀನ್ಸ್ ಕಾಲೇಜು. ಕೇಂಬ್ರಿಜ್‌ನಲ್ಲಿ ವಿದ್ಯಾರ್ಥಿ ನಾಟಕಗಳನ್ನು ಆಡಿಸಿದರು. ಮುಂದೆ ಹೆಸರಾಂತ ನಟರಾದ ಇಯಾನ್ ಮೆಕೆಲೆನ್, ಡೆರೆಕ್ ಜಾಕೋಬಿ ಅವರ ಓರಗೆಯವರು.

ಅಲ್ಲಿಂದ ನೇರ ಬಿಬಿಸಿಗೆ, ತರಬೇತಿ ನಿರ್ದೇಶಕರಾಗಿ. ಕೈಗೆ ಸಿಕ್ಕಿದ್ದು ‘ಕಾಂಪ್ಯಾಕ್ಟ್’ ಎಂಬ ಧಾರಾವಾಹಿಯ ಸಂಚಿಕೆಗಳು. ಮಹಿಳಾ ಪತ್ರಿಕೆಯೊಂದರ ಕಚೇರಿಯ ಕಥೆ, ವಾರಕ್ಕೆ ಎರಡು ಸಲ ಪ್ರಸಾರ. ಇಂಥ ಕೆಲಸವನ್ನು ಕೀಳಾಗಿ ಕಾಣುವವರು ಆಗಲೂ ಇದ್ದರು, ಈಗಲೂ ಇದ್ದಾರೆ. ನನಗೆ ಆ ಮಾತು ಒಪ್ಪಿಗೆಯಿಲ್ಲ. ಮೂರು ನಾಲ್ಕು ಸೆಟ್ಟು, ಕೆಲವೇ ದಿನಗಳ ರಿಹರ್ಸಲ್, ಒಂದೇ ಸಂಜೆಯಲ್ಲಿ ಮುಗಿಯಬೇಕಾದ ರೆಕಾರ್ಡಿಂಗ್, ಇವನ್ನು ಸಂಭಾಳಿಸಲು ಕಲಿತವರಿಗೆ ಮುಂದೆ ಯಾವ ಸ್ಟುಡಿಯೊಗೆ ಹೋದರೂ ಕೈಕಾಲು ನಡುಗುವುದಿಲ್ಲ.

ಕೆಲಸ ಬಂದ ಬಗೆ

ಕೆನಡಾದ ಸಿಡ್ನಿ ನ್ಯೂಮನ್ ಬಿಬಿಸಿಯ ನಾಟಕ ವಿಭಾಗಕ್ಕೆ ಮುಖ್ಯಸ್ಥರಾಗಿ ಬಂದು ಆಗ ಇನ್ನೂ ಒಂದು ವರ್ಷವಾಗಿರಲಿಲ್ಲ. ಅದಕ್ಕೆ ಮೊದಲು ಅವರಿದ್ದದ್ದು ಪ್ರತಿಸ್ಪರ್ಧಿ ವಾಣಿಜ್ಯ ಜಾಲದ ಎಬಿಸಿ ಕಂಪನಿಯಲ್ಲಿ. ಶನಿವಾರ ಸಂಜೆ ಬಿಬಿಸಿಗೆ ಒಂದು ತೊಡಕಿತ್ತು. ಕ್ರೀಡಾ ಕಾರ್ಯಕ್ರಮ ‘ಗ್ರ್ಯಾಂಡ್‌ಸ್ಟ್ಯಾಂಡ್’ ಮುಗಿದು ಹಾಡುಗಳ ಕಾರ್ಯಕ್ರಮ ‘ಜ್ಯೂಕ್ ಬಾಕ್ಸ್ ಜ್ಯೂರಿ’ ಶುರುವಾಗುವ ನಡುವಿನ ಹೊತ್ತಿನಲ್ಲಿ ವೀಕ್ಷಕರು ಬೇರೆ ಚಾನೆಲ್ಲಿಗೆ ಹೊರಳುತ್ತಿದ್ದರು. ದೊಡ್ಡವರೂ ಮಕ್ಕಳೂ ಒಟ್ಟಿಗೆ ಕೂತು ನೋಡುವಂಥದ್ದು ಆ ಜಾಗಕ್ಕೆ ಬೇಕಿತ್ತು. ಕಾಲದಲ್ಲಿ ಹಿಂದಕ್ಕೂ ಮುಂದಕ್ಕೂ ಹೋಗಬಲ್ಲ ಮುದುಕ, ಅವನ ಮೊಮ್ಮಗಳು, ಅವಳ ಶಾಲೆಯ ಇಬ್ಬರು ಮೇಷ್ಟ್ರುಗಳು ಎಂಬ ಕಲ್ಪನೆ ಹಲವರ ಕೈದಾಟಿ ಬಂದು, ಆಂಥನಿ ಕೋಬರ್ನ್ ಬರೆದ ಮೊದಲ ಸ್ಕ್ರಿಪ್ಟ್ ಆಗಿ ನಿಂತಿತು.

ನಿರ್ಮಾಪಕಿಯಾಗಿ ನ್ಯೂಮನ್ ಕರೆತಂದದ್ದು 27 ವರ್ಷದ ವೆರಿಟಿ ಲ್ಯಾಂಬರ್ಟ್ ಅವರನ್ನು. ಆಗ ಬಿಬಿಸಿ ನಾಟಕ ವಿಭಾಗದಲ್ಲಿ ಹೆಂಗಸರು ನಿರ್ಮಾಪಕರಾಗಿರಲಿಲ್ಲ. ನಿರ್ದೇಶಕ ಸ್ಥಾನದಲ್ಲಿ ಭಾರತದಲ್ಲಿ ಹುಟ್ಟಿದ ಯುವಕ. ಹಳಬರ ಆ ಸಂಸ್ಥೆಯಲ್ಲಿ ಇಬ್ಬರೂ ಹೊರಗಿನವರೇ, ತಮ್ಮನ್ನು ನೋಡುತ್ತಿದ್ದ ಕಣ್ಣುಗಳ ಬಗ್ಗೆ ಇಬ್ಬರೂ ಮುಂದೆ ಮಾತಾಡಿದ್ದಾರೆ. ಹುಸೇನ್ ಅವರಿಗೆ ಈ ಕೆಲಸದ ಮೇಲೆ ಮೊದಲಿಗೆ ಪ್ರೀತಿಯೇನೂ ಇರಲಿಲ್ಲ. ಎರಡನೇ ಸಂಚಿಕೆಯಿಂದ ಕಥೆ ಆದಿಮಾನವರ ಕಾಲಕ್ಕೆ ಹೋಗುತ್ತಿತ್ತು. ತೊಗಲು ಹೊದ್ದು ಗುರುಗುಟ್ಟುವ ನಟರನ್ನು ಇಟ್ಟುಕೊಂಡು ಏನು ಮಾಡಲಿ ಎಂಬ ಅಳುಕು ತಮಗಿತ್ತೆಂದು ಅವರೇ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ.

ಮುದುಕ ಡಾಕ್ಟರನ ಪಾತ್ರಕ್ಕೆ ವಿಲಿಯಂ ಹಾರ್ಟ್ನೆಲ್ ಬೇಕೆನಿಸಿತು. ಅವರಿಗೆ ಆಗ 55. ಸಾರ್ಜೆಂಟು, ರೌಡಿ ಪಾತ್ರಗಳಲ್ಲೇ ಸಿಕ್ಕಿಕೊಂಡಿದ್ದ ನಟ. ಮಕ್ಕಳೂ ನೋಡುವ ಧಾರಾವಾಹಿಗೆ ಅವರು ತಟ್ಟನೆ ಒಪ್ಪಲಿಲ್ಲ, ಲ್ಯಾಂಬರ್ಟ್ ಮತ್ತು ಹುಸೇನ್ ಊಟಕ್ಕೆ ಕರೆದು ಕೂರಿಸಿ ಮನವೊಲಿಸಿದರು. ನಿರ್ದೇಶಕರ ಕೆಲಸದಲ್ಲಿ ಇಂಥ ಊಟಗಳಿಗೂ ಜಾಗವಿದೆ. ತನ್ನ ವಯಸ್ಸಿನ ಅರ್ಧವೂ ಆಗದವನ ಮಾತು ನಂಬಿ ಹಿರಿಯ ನಟರೊಬ್ಬರು ಹೊಸ ಥರದ ಪಾತ್ರಕ್ಕೆ ಇಳಿಯಬೇಕಾದರೆ ಸ್ಕ್ರಿಪ್ಟಿನ ಬಲವೊಂದೇ ಸಾಲದು.

ಲೈಮ್ ಗ್ರೋವ್‌ನ ಡಿ ಸ್ಟುಡಿಯೊ

ಇಲ್ಲಿ ಸ್ವಲ್ಪ ನಿಲ್ಲಬೇಕು. ಆ ಕಾಲದ ರೆಕಾರ್ಡಿಂಗ್ ಹೇಗಿತ್ತೆಂದು ಗೊತ್ತಿಲ್ಲದಿದ್ದರೆ ಮೊದಲ ಸಲ ಏನು ಕೆಟ್ಟಿತು ಎಂಬುದೂ ತಿಳಿಯುವುದಿಲ್ಲ.

ಲೈಮ್ ಗ್ರೋವ್ ಮೂಲತಃ ಸಿನಿಮಾ ಸ್ಟುಡಿಯೊ. 1949ರಲ್ಲಿ ಬಿಬಿಸಿ ಅದನ್ನು ಕೊಂಡಿತ್ತು. 1960ರಲ್ಲಿ ಹೊಸ ಟೆಲಿವಿಷನ್ ಸೆಂಟರ್ ಆರಂಭವಾಗಿದ್ದರೂ ಈ ಧಾರಾವಾಹಿಗೆ ಸಿಕ್ಕಿದ್ದು ಲೈಮ್ ಗ್ರೋವ್‌ನ ಇಕ್ಕಟ್ಟಾದ, ವಿಪರೀತ ಸೆಕೆಯ ಡಿ ಸ್ಟುಡಿಯೊ. ಸಂಚಿಕೆಗೆ ಬಜೆಟ್ಟು ಸುಮಾರು 2,300 ಪೌಂಡ್. ಇಡೀ ವಾರ ಹೊರಗೆಲ್ಲೋ ಹಾಲ್‌ನಲ್ಲಿ, ನೆಲದ ಮೇಲೆ ಟೇಪು ಅಂಟಿಸಿ ಗೋಡೆ ಬಾಗಿಲು ಗುರುತಿಸಿಕೊಂಡು ರಿಹರ್ಸಲ್. ಶುಕ್ರವಾರ ಮಾತ್ರ ಸ್ಟುಡಿಯೊ. ಹಗಲಿಡೀ ಕ್ಯಾಮೆರಾ ರಿಹರ್ಸಲ್, ಸಂಜೆ ರೆಕಾರ್ಡಿಂಗ್. 25 ನಿಮಿಷದ ಸಂಚಿಕೆ ಮುಗಿಸಲು ಒಂದೂಕಾಲು ಗಂಟೆಯ ಆಸುಪಾಸು ಹೊತ್ತು.

ನಿರ್ದೇಶಕರು ಕೂರುವುದು ಮೇಲಿನ ಕಂಟ್ರೋಲ್ ರೂಮಿನಲ್ಲಿ, ಮಾನಿಟರುಗಳ ಎದುರು. ಪಕ್ಕದಲ್ಲಿ ಶಾಟ್ ನಂಬರ್ ಕೂಗುವ ಸಹಾಯಕಿ, ಬಟನ್ ಒತ್ತಿ ಒಂದು ಕ್ಯಾಮೆರಾದಿಂದ ಇನ್ನೊಂದಕ್ಕೆ ಬದಲಾಯಿಸುವ ವಿಷನ್ ಮಿಕ್ಸರ್. ಕೆಳಗೆ ಹೆಡ್‌ಫೋನ್ ಹಾಕಿಕೊಂಡ ಕ್ಯಾಮೆರಾಮನ್ನರು ಭಾರವಾದ ಕ್ಯಾಮೆರಾಗಳನ್ನು ಒಂದು ಸೆಟ್ಟಿನಿಂದ ಮತ್ತೊಂದಕ್ಕೆ ಸದ್ದಾಗದಂತೆ ತಳ್ಳಿಕೊಂಡು ಓಡಾಡುತ್ತಾರೆ. ಎಡಿಟಿಂಗ್ ಎಂದು ನಾವೀಗ ಹೇಳುವುದು ಅಲ್ಲೇ, ಆಗಲೇ ಆಗಿಹೋಗುತ್ತದೆ. ಎರಡಿಂಚಿನ ವಿಡಿಯೊ ಟೇಪನ್ನು ಬ್ಲೇಡಿನಿಂದ ಕತ್ತರಿಸಿ ಅಂಟಿಸಬೇಕಿತ್ತು, ಟೇಪೋ ಬಲು ದುಬಾರಿ. ಹಾಗಾಗಿ ಒಂದು ಸಂಚಿಕೆಯಲ್ಲಿ ರೆಕಾರ್ಡಿಂಗ್ ನಿಲ್ಲಿಸಲು ಬೆರಳೆಣಿಕೆಯಷ್ಟೇ ಅವಕಾಶ. ನಟರು ಮಾತು ತಪ್ಪಿದರೂ, ಕೋಲಿಗೆ ಕಟ್ಟಿ ನಟರ ತಲೆಯ ಮೇಲೆ ಹಿಡಿಯುವ ಬೂಮ್ ಮೈಕಿನ ನೆರಳು ಬಿದ್ದರೂ ಮುಂದೆ ಸಾಗುವುದೇ ರೂಢಿ.

ಈ ಕಟ್ಟುಪಾಡಿನೊಳಗೆ ಹುಸೇನ್ ಮಾಡಿದ ಒಂದು ಏರ್ಪಾಟನ್ನು ಹತ್ತಿರದಿಂದ ನೋಡಿ. ಇಯಾನ್, ಬಾರ್ಬರಾ ಎಂಬ ಇಬ್ಬರು ಮೇಷ್ಟ್ರುಗಳು ಕತ್ತಲಲ್ಲಿ ಕಾರಿನೊಳಗೆ ಕೂತು ಸೂಸನ್ ಎಂಬ ವಿಚಿತ್ರ ವಿದ್ಯಾರ್ಥಿನಿಯ ಬಗ್ಗೆ ಮಾತಾಡುತ್ತಿದ್ದಾರೆ. ತರಗತಿಯಲ್ಲಿ ನಡೆದದ್ದು ನಡುನಡುವೆ ನೆನಪಾಗಿ ಬರಬೇಕು. ಆದರೆ ಕಾರಿನಲ್ಲಿ ಕೂತ ನಟರು ಅದೇ ಕ್ಷಣದಲ್ಲಿ ತರಗತಿಯ ಸೆಟ್ಟಿನಲ್ಲೂ ಇರಲಾರರು, ರೆಕಾರ್ಡಿಂಗ್ ನಿಲ್ಲಿಸುವಂತೆಯೂ ಇಲ್ಲ. ಅದಕ್ಕೇ ತರಗತಿಯ ದೃಶ್ಯಗಳಲ್ಲಿ ಮೇಷ್ಟ್ರುಗಳು ಕಾಣುವುದಿಲ್ಲ, ಧ್ವನಿ ಮಾತ್ರ ಕೇಳುತ್ತದೆ. ಕ್ಯಾಮೆರಾ ಅವರ ಕಣ್ಣಾಗಿ ಸೂಸನ್ನಳ ಮುಖವನ್ನೇ ನೋಡುತ್ತದೆ, ಅವಳು ಉತ್ತರ ಹೇಳುವುದು ನೇರ ನಮಗೆ. ಸ್ಟುಡಿಯೊದ ಒಂದು ಅಡಚಣೆ ಹೀಗೆ ಕಥೆಗೆ ಬಲವಾಯಿತು. ಆ ಹುಡುಗಿಯಲ್ಲಿ ಏನೋ ಇದೆ ಎಂಬ ಅನುಮಾನ ಮೇಷ್ಟ್ರುಗಳಿಂದ ನಮಗೆ ದಾಟಿಕೊಳ್ಳುತ್ತದೆ. ಈ ಉಪಾಯ ಎರಡು ರೆಕಾರ್ಡಿಂಗ್‌ಗಳಲ್ಲೂ ಇದೆ. ಅಂದರೆ ಮೊದಲ ಸಲವೂ ನಿರ್ದೇಶಕರ ಲೆಕ್ಕಾಚಾರ ಗಟ್ಟಿಯಾಗಿಯೇ ಇತ್ತು.

ಎರಡನ್ನೂ ಅಕ್ಕಪಕ್ಕ ಇಟ್ಟಾಗ

ಮೊದಲ ರೆಕಾರ್ಡಿಂಗ್‌ನಲ್ಲಿ ಕಣ್ಣಿಗೆ ಹೊಡೆಯುವುದು ತಾಂತ್ರಿಕ ಎಡವಟ್ಟುಗಳು. ಹೊರಗಿಂದ ಪೊಲೀಸ್ ಬಾಕ್ಸಿನಂತೆ, ಅಂದರೆ ಪೊಲೀಸರಿಗೆ ಫೋನ್ ಮಾಡಲು ಬೀದಿಯಲ್ಲಿಡುತ್ತಿದ್ದ ನೀಲಿ ಪೆಟ್ಟಿಗೆಯಂತೆ ಕಾಣುವ, ಡಾಕ್ಟರನ ಕಾಲಯಂತ್ರ ಟಾರ್ಡಿಸ್‌ನ ಒಳಗಿನ ಸೆಟ್ಟಿನಲ್ಲಿ ದೊಡ್ಡ ಬಾಗಿಲು ಸರಿಯಾಗಿ ಮುಚ್ಚಿಕೊಳ್ಳುವುದಿಲ್ಲ. ನಟರು ಗಂಭೀರವಾಗಿ ಮಾತಾಡುತ್ತಿರುವಾಗ ಹಿಂದೆ ಅದು ಅಲ್ಲಾಡುತ್ತದೆ, ಬಡಿದುಕೊಳ್ಳುತ್ತದೆ. ಆ ಭಾಗವನ್ನು ಆ ಸಂಜೆಯೇ ಮತ್ತೆ ತೆಗೆಯಲು ನೋಡಿದ್ದೂ ಉಳಿದ ಟೇಪಿನಲ್ಲಿದೆ. ಕ್ಯಾಮೆರಾ ಚಲನೆಗಳು ಕುಲುಕುತ್ತವೆ. ಯಂತ್ರದ ಗುಂಯ್‌ಗುಟ್ಟುವಿಕೆ ಮಾತಿನ ಮೇಲೆ ಏರಿ ಕೂರುತ್ತದೆ.

ಇಷ್ಟೇ ಆಗಿದ್ದರೆ ಬಡಗಿಯನ್ನು ಕರೆಸಿ ಬಾಗಿಲು ಸರಿಮಾಡಿದರೆ ಸಾಕಿತ್ತು. ನಿಜವಾದ ತೊಂದರೆ ಇದ್ದದ್ದು ಡಾಕ್ಟರನಲ್ಲಿ. ಮೊದಲನೆಯದರಲ್ಲಿ ಹಾರ್ಟ್ನೆಲ್ ಅವರ ಡಾಕ್ಟರ್ ಕಟುವಾದ ಮನುಷ್ಯ. ಮೇಷ್ಟ್ರುಗಳನ್ನು ಕೂಡಿಹಾಕುವಾಗ ಅವನಲ್ಲಿ ಬೆದರಿಕೆ ಬಿಟ್ಟು ಬೇರೇನೂ ಕಾಣದು. ಶನಿವಾರ ಸಂಜೆ ಮಕ್ಕಳು ಇಂಥವನ ಜೊತೆ ವಾರಗಟ್ಟಲೆ ಪ್ರಯಾಣ ಹೋಗಲು ಒಪ್ಪುವುದು ಸುಳ್ಳು. ಮುದುಕ ಇನ್ನಷ್ಟು ತಮಾಷೆಯಾಗಿರಲಿ, ಸಂಗೀತದ ಅಬ್ಬರ ತಗ್ಗಲಿ, ಹುಡುಗಿಯನ್ನು ಹಿಡಿದ ಕೋನ ಸರಿಯಿಲ್ಲ, ಇಂಥ ಮಾತುಗಳು ನ್ಯೂಮನ್ ಅವರ ಟಿಪ್ಪಣಿಯಲ್ಲಿದ್ದವು.

ಎರಡನೆಯದರಲ್ಲಿ ಡಾಕ್ಟರ್ ಅದೇ ಮಾತುಗಳನ್ನೇ ಬಹುಪಾಲು ಆಡುತ್ತಾನೆ. ಕೂಡಿಹಾಕುವುದನ್ನೂ ಬಿಡುವುದಿಲ್ಲ. ಆದರೆ ನಡುವೆ ತನ್ನಷ್ಟಕ್ಕೆ ನಗುತ್ತಾನೆ, ಮೇಷ್ಟ್ರುಗಳ ಕಕ್ಕಾಬಿಕ್ಕಿ ನೋಡಿ ಖುಷಿಪಡುತ್ತಾನೆ, ಅವರು ಏನೋ ಗಹನವಾದದ್ದು ಕೇಳುತ್ತಿರುವಾಗ ತನ್ನ ಇನ್ನಾವುದೋ ವಸ್ತುವಿನ ಕಡೆ ಗಮನ ಹರಿಸುತ್ತಾನೆ. ಬೆದರಿಕೆ ಹೋಗಿಲ್ಲ, ಅದರ ಪಕ್ಕದಲ್ಲಿ ಕುತೂಹಲವೂ ಬಂದು ಕೂತಿದೆ. ಮಾಮೂಲಿ ಕೋಟು ಟೈ ಹೋಗಿ, 20ನೇ ಶತಮಾನದ ಆರಂಭದ ಯಜಮಾನರಂತೆ ಕಾಣುವ ಉಡುಪು ಬಂದಿದೆ. ನಟನೆಯಲ್ಲಿ ಆದ ಈ ತಿರುವನ್ನು ಬರಹದಲ್ಲಿ ಹುಡುಕಿದರೆ ಸಿಗುವುದು ಕಡಿಮೆ. ಅದು ರಿಹರ್ಸಲ್ ಹಾಲ್‌ನಲ್ಲಿ ನಿರ್ದೇಶಕರೂ ನಟರೂ ಎದುರುಬದುರು ನಿಂತು ಕಂಡುಕೊಂಡದ್ದು.

ಸೂಸನ್ನಳ ಬದಲಾವಣೆ ಇನ್ನೂ ಸೂಕ್ಷ್ಮ. ಮೊದಲನೆಯದರಲ್ಲಿ ಅವಳು ಒಂಟಿಯಾಗಿ ಕೂತು ಕಾಗದದ ಮೇಲೆ ಶಾಯಿ ಚೆಲ್ಲಿ ಮಡಚಿ ಕಲೆ ಮೂಡಿಸುತ್ತಾಳೆ, ಅದರ ಮೇಲೆ ಷಟ್ಕೋನ ಎಳೆಯುತ್ತಾಳೆ. ವಿಚಿತ್ರವೇನೋ ಹೌದು, ಆದರೆ ನೋಡುವವರಿಗೆ ಹಿಡಿದುಕೊಳ್ಳಲು ಏನೂ ಇಲ್ಲ. ಪ್ರಸಾರವಾದದ್ದರಲ್ಲಿ ಅವಳು ಮೇಷ್ಟ್ರು ಕೊಟ್ಟ ಫ್ರೆಂಚ್ ಕ್ರಾಂತಿಯ ಪುಸ್ತಕ ತಿರುವಿಹಾಕುತ್ತ, ಇದರಲ್ಲಿ ಬರೆದದ್ದು ತಪ್ಪು ಎನ್ನುತ್ತಾಳೆ. ಕಂಡವಳ ಹಾಗೆ ಹೇಳುತ್ತಾಳೆ! ಒಂದೇ ಮಾತಿಗೆ ಮೈ ಜುಮ್ಮೆನ್ನುತ್ತದೆ. ಹಾಗೆಯೇ, ತಾನು 49ನೇ ಶತಮಾನದಲ್ಲಿ ಹುಟ್ಟಿದವಳೆಂದು ಮೊದಲ ಸಲ ಲೆಕ್ಕ ಹೇಳಿದ್ದ ಹುಡುಗಿ ಎರಡನೇ ಸಲ ಬೇರೊಂದು ಕಾಲ, ಬೇರೊಂದು ಲೋಕ ಎಂದಷ್ಟೇ ಹೇಳಿ ಸುಮ್ಮನಾಗುತ್ತಾಳೆ. ಇಸವಿ ಕೊಟ್ಟರೆ ಗುಟ್ಟು ಅಲ್ಲಿಗೇ ಖಾಲಿ. ಧಾರಾವಾಹಿ ದಶಕಗಳ ಕಾಲ ನಡೆದದ್ದರ ಹಿಂದೆ ಈ ಒಂದು ತಿದ್ದುಪಡಿಗೂ ಪಾಲಿದೆ ಎಂದು ನನ್ನ ಬಲವಾದ ನಂಬಿಕೆ.

ಬದಲಾಗದೇ ಉಳಿದದ್ದೂ ಗಮನಿಸಬೇಕಾದದ್ದೇ. ಮಂಜಿನಲ್ಲಿ ಟಾರ್ಚ್ ಹಿಡಿದ ಪೊಲೀಸ್, ಗುಜರಿಯಂಗಳದ ಗೇಟು, ನಿಧಾನ ಒಳನುಗ್ಗುವ ಕ್ಯಾಮೆರಾ, ಹಳೆ ಸಾಮಾನುಗಳ ನಡುವೆ ಗುಂಯ್‌ಗುಡುತ್ತ ನಿಂತ ನೀಲಿ ಪೆಟ್ಟಿಗೆ, ಈ ಆರಂಭ ಎರಡರಲ್ಲೂ ಇದೆ. ಬಾರ್ಬರಾ ಕತ್ತಲಿಂದ ಆ ಪುಟ್ಟ ಪೆಟ್ಟಿಗೆಯೊಳಗೆ ನುಗ್ಗಿದಾಗ ಬೆಳಕು ತುಂಬಿದ ವಿಶಾಲ ಕೋಣೆ ತೆರೆದುಕೊಳ್ಳುವ ಕ್ಷಣವೂ ಇದೆ. ಚೆನ್ನಾಗಿದ್ದುದನ್ನು ಮುಟ್ಟದೆ ಬಿಡುವ ವಿವೇಕ ಎರಡನೇ ಅವಕಾಶ ಸಿಕ್ಕ ಎಲ್ಲರಿಗೂ ಇರುವುದಿಲ್ಲ. ಛೀಮಾರಿ ಹಾಕಿಸಿಕೊಂಡ ಮೇಲೆ ಎಲ್ಲವನ್ನೂ ಬುಡಮೇಲು ಮಾಡಿ ಇದ್ದದ್ದನ್ನೂ ಕಳೆದುಕೊಂಡವರು ಈ ವೃತ್ತಿಯಲ್ಲಿ ಬೇಕಾದಷ್ಟು ಮಂದಿ.

ನ್ಯೂಮನ್ ಹಾಕಿಸಿದ ಊಟ

ಮೊದಲ ರೆಕಾರ್ಡಿಂಗ್ ನೋಡಿದ ನ್ಯೂಮನ್ ಇಬ್ಬರನ್ನೂ ಊಟಕ್ಕೆ ಕರೆದೊಯ್ದರು. ನಿಮ್ಮಿಬ್ಬರನ್ನೂ ನಾನು ಕೆಲಸದಿಂದ ತೆಗೆಯಬೇಕು, ಹಾಗೆ ಮಾಡುವುದಿಲ್ಲ, ಹೋಗಿ ಮತ್ತೊಮ್ಮೆ ಮಾಡಿ ಎಂಬರ್ಥದ ಮಾತನ್ನು ಅಲ್ಲಿ ಹೇಳಿದರು ಎಂಬುದು ಲ್ಯಾಂಬರ್ಟ್ ಮತ್ತು ಹುಸೇನ್ ಇಬ್ಬರೂ ಮುಂದೆ ನೆನಪಿಸಿಕೊಂಡ ಸಂಗತಿ. ಅಷ್ಟು ಹೊತ್ತಿಗಾಗಲೇ ಸಂಸ್ಥೆಯೊಳಗೆ ಈ ಧಾರಾವಾಹಿಯ ಖರ್ಚಿನ ಬಗ್ಗೆ ಗೊಣಗಾಟವಿತ್ತು. ಕಾರ್ಯಕ್ರಮಗಳ ಹೊಣೆ ಹೊತ್ತಿದ್ದ ಡೊನಾಲ್ಡ್ ಬೇವರ್‌ಸ್ಟಾಕ್ ಅದನ್ನು ನಿಲ್ಲಿಸುವ ಹಂತಕ್ಕೂ ಹೋಗಿ, ಕೊನೆಗೆ 13 ಸಂಚಿಕೆಗಳಿಗೆ ಒಪ್ಪಿದರು.

ಈ ಪ್ರಕರಣ ಹೇಳುವವರು ನ್ಯೂಮನ್ ಅವರ ಔದಾರ್ಯವನ್ನು ಹೊಗಳುತ್ತಾರೆ, ಹೊಗಳಲೇಬೇಕು. ನನಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಅವರು ಕೊಟ್ಟ ಟಿಪ್ಪಣಿಯ ಸ್ವರೂಪ. ಕೆಟ್ಟಿದೆ ಎಂದಷ್ಟೇ ಹೇಳಿ ಕಳಿಸಿದ್ದರೆ ಅಂಜಿದ ಹುಡುಗ ಎಲ್ಲಿ ಕೈ ಹಾಕಬೇಕೆಂದು ತಿಳಿಯದೆ ಒದ್ದಾಡುತ್ತಿದ್ದ. ಯಾವ ಶಾಟ್ ಕೆಟ್ಟಿದೆ, ಯಾರ ಮುಖ ಸರಿ ಕಂಡಿಲ್ಲ, ಯಾವ ಸದ್ದು ಹೆಚ್ಚಾಗಿದೆ ಎಂದು ಅವರು ಬಿಡಿಬಿಡಿಯಾಗಿ ಬರೆದುಕೊಂಡಿದ್ದರು. ಅದಕ್ಕೆ ಉತ್ತರ ಹುಡುಕಿದ್ದು ಮಾತ್ರ ಹುಸೇನ್. ಮುದುಕ ತಮಾಷೆಯಾಗಿರಲಿ ಎಂಬ ಸೂಚನೆಯನ್ನು ಅಕ್ಷರಶಃ ಪಾಲಿಸಿದ್ದರೆ ಡಾಕ್ಟರ್ ಕೋಡಂಗಿಯಾಗಿಬಿಡುತ್ತಿದ್ದ. ಮೇಲಿನವರ ಮಾತನ್ನು ನಟರಿಗೆ ಒಗ್ಗುವ ಮಾತಾಗಿ ಮಾಡಿಕೊಳ್ಳುವುದು ಟಿವಿ ನಿರ್ದೇಶಕರ ದಿನನಿತ್ಯದ ಕೆಲಸ, ಯಾರ ಕಣ್ಣಿಗೂ ಬೀಳದ ಕೆಲಸ.

ಪ್ರಸಾರದ ಹಿಂದಿನ ದಿನ, ನವೆಂಬರ್ 22ರಂದು, ಅಮೆರಿಕದ ಅಧ್ಯಕ್ಷ ಕೆನಡಿ ಅವರ ಹತ್ಯೆಯಾಯಿತು. ಶನಿವಾರ ಸಂಜೆ ಐದೂಕಾಲಿಗೆ ನಿಗದಿಯಾಗಿದ್ದ ಸಂಚಿಕೆ ಒಂದು ನಿಮಿಷಕ್ಕಿಂತ ತುಸು ಹೆಚ್ಚು ತಡವಾಗಿ ಶುರುವಾಯಿತು. ನೋಡಿದವರು ಸುಮಾರು 44 ಲಕ್ಷ. ಮುಂದಿನ ಶನಿವಾರ ಎರಡನೇ ಸಂಚಿಕೆಗೆ ಮೊದಲು ಇದನ್ನು ಮತ್ತೆ ಹಾಕಿದರು. ಡಿಸೆಂಬರ್ ಕೊನೆಗೆ ಬೇರೆ ನಿರ್ದೇಶಕರ ಕೈಯಲ್ಲಿ ಯಂತ್ರದೊಳಗಿನ ಖಳ ಜೀವಿಗಳಾದ ಡ್ಯಾಲೆಕ್‌ಗಳು ಬಂದ ಮೇಲೆ ಧಾರಾವಾಹಿ ಮನೆಮಾತಾಯಿತು.

ಆಮೇಲಿನ ಕರೆಗಳು

1964ರ ಆರಂಭದಲ್ಲಿ ಹುಸೇನ್ ಅದೇ ಧಾರಾವಾಹಿಗೆ ಮರಳಿದರು. ಮಾರ್ಕೊ ಪೋಲೊ ಕಥೆಯ ಏಳು ಸಂಚಿಕೆಗಳಲ್ಲಿ ಆರು ಅವರವು. ಚೀನಾದ ಅರಮನೆಗಳನ್ನೂ ಮರುಭೂಮಿಯನ್ನೂ ಆ ಇಕ್ಕಟ್ಟು ಸ್ಟುಡಿಯೊದಲ್ಲೇ ಕಟ್ಟಿದ್ದರು. ಆ ಸಂಚಿಕೆಗಳ ಟೇಪುಗಳನ್ನು ಬಿಬಿಸಿ ಅಳಿಸಿಹಾಕಿತು. ಮನೆಗಳಲ್ಲಿ ಅಭಿಮಾನಿಗಳು ಹಿಡಿದಿಟ್ಟ ಧ್ವನಿ, ಪರದೆಯಿಂದ ತೆಗೆದ ಫೋಟೊಗಳು ಉಳಿದಿವೆ. ತಿರಸ್ಕೃತವಾದದ್ದು ಉಳಿದು ಮೆಚ್ಚುಗೆ ಪಡೆದದ್ದು ಹೋದದ್ದು ನೋಡಿದರೆ ಸಂಕಟವಾಗುತ್ತದೆ. ಆ ಕಾಲದ ಟಿವಿ ನಿರ್ದೇಶಕರ ಕೆಲಸದಲ್ಲಿ ಹೀಗೆ ಹೋದದ್ದು ಬಹಳ.

1965ರಲ್ಲಿ ಬಿಬಿಸಿಗಾಗಿ ಇ. ಎಂ. ಫಾರ್ಸ್ಟರ್ ಕಾದಂಬರಿ ಆಧರಿಸಿದ ‘ಎ ಪ್ಯಾಸೇಜ್ ಟು ಇಂಡಿಯಾ’ ನಿರ್ದೇಶಿಸಿದರು. ಡಾಕ್ಟರ್ ಅಜೀಜ್ ಪಾತ್ರದಲ್ಲಿ ಜಿಯಾ ಮೊಹಿಯುದ್ದೀನ್, ಮಿಸೆಸ್ ಮೂರ್ ಆಗಿ ಸಿಬಿಲ್ ಥಾರ್ನ್‌ಡೈಕ್. ವಸಾಹತು ಭಾರತದ ಕಥೆಯನ್ನು ಅಲ್ಲಿ ಹುಟ್ಟಿದವರೇ ಲಂಡನ್ ಸ್ಟುಡಿಯೊದಲ್ಲಿ ನಿರ್ದೇಶಿಸಿದ್ದು ಆ ಹೊತ್ತಿಗೆ ಸಣ್ಣ ಮಾತಾಗಿರಲಿಲ್ಲ. ನಡುವೆ ಸಿನಿಮಾಗಳು ಬಂದವು, 1973ರಲ್ಲಿ ರಿಚರ್ಡ್ ಬರ್ಟನ್ ಮತ್ತು ಎಲಿಜಬೆತ್ ಟೇಲರ್ ಜೋಡಿಯ ಟಿವಿ ಚಿತ್ರ ಬಂತು, ಅಮೆರಿಕದಲ್ಲೂ ಕೆಲಸ ಸಿಕ್ಕಿತು. 1997ರಲ್ಲಿ ಮುಂಬೈನ ಪಾರ್ಸಿ ಕುಟುಂಬವೊಂದರ ಕಥೆಯ ‘ಸಿಕ್ಸ್ತ್ ಹ್ಯಾಪಿನೆಸ್’ ಮಾಡಿದರು. 2013ರಲ್ಲಿ ಈ ಧಾರಾವಾಹಿ ಹುಟ್ಟಿದ ಬಗೆಯನ್ನೇ ಬಿಬಿಸಿ ಟಿವಿ ಚಿತ್ರ ಮಾಡಿದಾಗ ಯುವಕ ಹುಸೇನ್ ಪಾತ್ರದಲ್ಲಿ ನಟಿಸಿದ್ದು ಸಾಶಾ ಧವನ್.

ಆದರೆ ಈ ಪ್ರಕರಣದ ನಿಜವಾದ ಫಲ ಕಾಣುವುದು 1974 ಮತ್ತು 1978ರಲ್ಲಿ. ಊಟದ ಮೇಜಿನಲ್ಲಿ ಜೊತೆಯಾಗಿ ಬೈಸಿಕೊಂಡು, ಮೂರು ವಾರ ಜೊತೆಯಾಗಿ ಗೇದವರ ನಡುವೆ ಒಂದು ನಂಬಿಕೆ ಕುದುರಿತ್ತು. ಒತ್ತಡದಲ್ಲಿ ಈ ಮನುಷ್ಯ ಹೇಗಿರುತ್ತಾರೆ ಎಂಬುದನ್ನು ಲ್ಯಾಂಬರ್ಟ್ ಕಣ್ಣಾರೆ ಕಂಡಿದ್ದರು, ಟಿವಿ ನಿರ್ಮಾಪಕರಿಗೆ ಅದಕ್ಕಿಂತ ದೊಡ್ಡ ಶಿಫಾರಸು ಬೇಡ. ಮತದಾನದ ಹಕ್ಕಿಗಾಗಿ ಬ್ರಿಟನ್ನಿನ ಹೆಂಗಸರು ನಡೆಸಿದ ಹೋರಾಟದ ಮೇಲೆ 1974ರಲ್ಲಿ ಅವರು ‘ಶೋಲ್ಡರ್ ಟು ಶೋಲ್ಡರ್’ ಧಾರಾವಾಹಿ ನಿರ್ಮಿಸಿದಾಗ ಮೊಯ್ರಾ ಆರ್ಮ್‌ಸ್ಟ್ರಾಂಗ್ ಅವರೊಂದಿಗೆ ನಿರ್ದೇಶನ ಹಂಚಿಕೊಂಡವರು ಹುಸೇನ್. ಮುಂದೆ ಲ್ಯಾಂಬರ್ಟ್ ವಾಣಿಜ್ಯ ಜಾಲದ ಥೇಮ್ಸ್ ಟೆಲಿವಿಷನ್ನಿನ ನಾಟಕ ವಿಭಾಗದ ಮುಖ್ಯಸ್ಥೆಯಾದರು. ಸಿಂಹಾಸನ ಬಿಟ್ಟ ಎಂಟನೇ ಎಡ್ವರ್ಡ್ ದೊರೆಯ ಕಥೆ ಹೇಳುವ ಏಳು ಸಂಚಿಕೆಗಳ ‘ಎಡ್ವರ್ಡ್ ಅಂಡ್ ಮಿಸೆಸ್ ಸಿಂಪ್ಸನ್’ 1978ರಲ್ಲಿ ಅಲ್ಲಿಂದ ಬಂತು. ಏಳನ್ನೂ ನಿರ್ದೇಶಿಸಿದ್ದು ಹುಸೇನ್. ಅದಕ್ಕೆ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿ ಬಂತು, 1980ರಲ್ಲಿ ಅಮೆರಿಕದ ಎಮ್ಮಿಯೂ ಬಂತು. ಕಾರ್ಯಕಾರಿ ನಿರ್ಮಾಪಕಿ ವೆರಿಟಿ ಲ್ಯಾಂಬರ್ಟ್.